ತಿದ್ದಿದ ಆಟ ಎಮ್ಯುಲೇಟರ್‌ನಲ್ಲಿ ಓಡುತ್ತಿಲ್ಲವೇ? ಓದುಗರ ಪ್ರಶ್ನೆಗಳಿಗೆ ಉತ್ತರ

ಹಳೆಯ ವಿಡಿಯೋ ಗೇಮ್‌ಗಳನ್ನು ಕಂಪ್ಯೂಟರ್‌ನಲ್ಲೋ ಮೊಬೈಲ್‌ನಲ್ಲೋ ಆಡುವವರ ಪತ್ರಗಳನ್ನು ಈ ಸಲ ಒಟ್ಟಿಗೆ ತೆಗೆದುಕೊಂಡಿದ್ದೇನೆ. ಮೈಸೂರು, ಮಂಡ್ಯ ಕಡೆಯಿಂದಲೇ ಜಾಸ್ತಿ ಬಂದಿವೆ. ಹೆಚ್ಚಿನವರ ಗೋಳು ಒಂದೇ: ಯಾರೋ ಕಷ್ಟಪಟ್ಟು ತಿದ್ದಿದ ಆಟ, ನಮ್ಮ ಕೈಗೆ ಬಂದಾಗ ಮಾತ್ರ ಓಡಲ್ಲ. ಹೊಸಬರಿಗೆ ಒಂದು ಮಾತು: ಹಳೆಯ ಆಟದ ಯಂತ್ರವನ್ನು ಅನುಕರಿಸುವ ಪ್ರೋಗ್ರಾಂ ಎಮ್ಯುಲೇಟರ್, ಅಭಿಮಾನಿಗಳು ತಿದ್ದಿದ ಆಟ ಹ್ಯಾಕ್ ಅಥವಾ ಮಾಡ್, ಆ ತಿದ್ದುಪಡಿಗಳಷ್ಟೇ ಇರುವ ಪುಟ್ಟ ಫೈಲ್ ಪ್ಯಾಚ್.

ಸೂಪರ್ ಮಾರಿಯೋ ವರ್ಲ್ಡ್ ಆಟದ ಒಂದು ಹ್ಯಾಕ್‌ಗೆ ಐಪಿಎಸ್ ಪ್ಯಾಚ್ ಸಿಕ್ಕಿತು. ಹಾಕಿದೆ, ಯಶಸ್ವಿ ಅಂತಲೇ ತೋರಿಸಿತು. ಎಮ್ಯುಲೇಟರ್‌ನಲ್ಲಿ ತೆರೆದರೆ ಬರೀ ಕಪ್ಪು ಪರದೆ. ಪ್ಯಾಚ್ ಹಾಕದ ಮೂಲ ಆಟ ಚೆನ್ನಾಗಿ ಓಡುತ್ತದೆ. ಎಮ್ಯುಲೇಟರ್ ಬದಲಾಯಿಸಬೇಕಾ?
— ಇಂಜಿನಿಯರಿಂಗ್ ವಿದ್ಯಾರ್ಥಿ, ಸರಸ್ವತೀಪುರಂ, ಮೈಸೂರು

ಬೇಡ, ಎಮ್ಯುಲೇಟರ್ ತಪ್ಪಲ್ಲ. ಮೊದಲು ಮೂಲ ಫೈಲ್ ಮೇಲೆ ರೈಟ್ ಕ್ಲಿಕ್ ಮಾಡಿ, ಪ್ರಾಪರ್ಟೀಸ್‌ನಲ್ಲಿ ಅದರ ಗಾತ್ರ ಎಷ್ಟು ಬೈಟ್ ಅಂತ ನೋಡಿ. 5,24,288 ಇದೆಯಾ, 5,24,800 ಇದೆಯಾ? ವ್ಯತ್ಯಾಸ 512 ಬೈಟ್. ನಿಮ್ಮ ಸಮಸ್ಯೆ ಬಹುತೇಕ ಅಷ್ಟರಲ್ಲೇ ಇದೆ.

ತೊಂಬತ್ತರ ದಶಕದಲ್ಲಿ, ಈ ಆಟ ಓಡುತ್ತಿದ್ದ ಸೂಪರ್ ನಿಂಟೆಂಡೋ ಯಂತ್ರದ ಕ್ಯಾಸೆಟ್‌ಗಳನ್ನು ನಕಲು ಮಾಡುವ ಯಂತ್ರಗಳಿದ್ದವು. ಅವು ಆಟದ ಮಾಹಿತಿಯ ಮುಂದೆ ತಮ್ಮ ಅನುಕೂಲಕ್ಕೆ ಅಂತ 512 ಬೈಟ್ ಸೇರಿಸುತ್ತಿದ್ದವು. ಅದಕ್ಕೇ ಹೆಡರ್ ಅನ್ನುವುದು. ನಿಜವಾದ ಕ್ಯಾಸೆಟ್‌ನಲ್ಲಿ ಅದು ಇರಲೇ ಇಲ್ಲ. ಎಮ್ಯುಲೇಟರ್‌ಗಳು ಈ ತುಂಡನ್ನು ಗುರುತಿಸಿ ಬಿಟ್ಟುಬಿಡುತ್ತವೆ, ಹಾಗಾಗಿ ಮೂಲ ಆಟ ಎರಡೂ ರೀತಿಯಲ್ಲಿ ಓಡುತ್ತದೆ. ಆದರೆ ಪ್ಯಾಚ್‌ಗೆ ಈ ಜಾಣತನ ಇಲ್ಲ.

ಐಪಿಎಸ್ ಫೈಲ್ ಒಳಗೆ ಏನಿದೆ ಅಂತ ನೋಡಿದರೆ ಅರ್ಥವಾಗುತ್ತದೆ. ಮೊದಲು ಪ್ಯಾಚ್ ಅನ್ನುವ ಪದವೇ ಇಂಗ್ಲಿಷ್‌ನ ಐದು ಅಕ್ಷರಗಳಲ್ಲಿದೆ. ಆಮೇಲೆ ಒಂದೊಂದೇ ಬದಲಾವಣೆ: ಮೂರು ಬೈಟ್‌ನಲ್ಲಿ ಜಾಗ, ಎರಡು ಬೈಟ್‌ನಲ್ಲಿ ಅಳತೆ, ನಂತರ ಅಲ್ಲಿ ಬರೆಯಬೇಕಾದ ಹೊಸ ಮಾಹಿತಿ. ಕೊನೆಯಲ್ಲಿ ಮುಗಿಯಿತು ಅನ್ನುವ ಮೂರಕ್ಷರದ ಗುರುತು. ಅಷ್ಟೇ. ಪುಸ್ತಕದ ಜೊತೆ ಬರುವ ತಪ್ಪೊಪ್ಪೋಲೆಯ ಹಾಗೆ, 12ನೇ ಪುಟದ ಮೂರನೇ ಸಾಲಿನಲ್ಲಿ ಹೀಗೆ ಓದಿಕೊಳ್ಳಿ ಅಂತ ಹೇಳುವುದಷ್ಟೇ ಅದರ ಕೆಲಸ. ನಿಮ್ಮ ಪ್ರತಿಯಲ್ಲಿ ಮುನ್ನುಡಿಗೆ ಅಂತ ಒಂದು ಹಾಳೆ ಜಾಸ್ತಿ ಇದ್ದರೆ ಪ್ರತಿಯೊಂದು ತಿದ್ದುಪಡಿಯೂ ತಪ್ಪು ಸಾಲಿಗೆ ಬೀಳುತ್ತದೆ. ಇದು ಸರಿಯಾದ ಪ್ರತಿಯೇ ಅಂತ ಐಪಿಎಸ್ ಒಮ್ಮೆಯೂ ಕೇಳುವುದಿಲ್ಲ. ಯಶಸ್ವಿ ಅಂತ ಬಂದಿದ್ದಕ್ಕೆ ಬರೆದು ಮುಗಿಸಿದೆ ಅಂತ ಮಾತ್ರ ಅರ್ಥ, ಸರಿಯಾಗಿ ಬರೆದಿದೆ ಅಂತಲ್ಲ.

ಮಾರಿಯೋ ವರ್ಲ್ಡ್‌ನ ಹಳೆಯ ಹ್ಯಾಕ್‌ಗಳು ಸಾಮಾನ್ಯವಾಗಿ ಹೆಡರ್ ಇರುವ ಫೈಲ್‌ಗೆ ಮಾಡಿದವು, ಏಕೆಂದರೆ ಅವನ್ನು ತಯಾರಿಸುತ್ತಿದ್ದ ಲೂನಾರ್ ಮ್ಯಾಜಿಕ್ ಎಡಿಟರ್ ಹಾಗೇ ಕೇಳುತ್ತಿತ್ತು. ನಿಮ್ಮ ಫೈಲ್‌ನಲ್ಲಿ ಹೆಡರ್ ಇಲ್ಲದಿದ್ದರೆ ಸೇರಿಸಿ, ಇದ್ದು ಪ್ಯಾಚ್‌ಗೆ ಬೇಡವಾಗಿದ್ದರೆ ತೆಗೆಯಿರಿ. ಎರಡಕ್ಕೂ ಪುಟ್ಟ ಉಚಿತ ಟೂಲ್‌ಗಳಿವೆ. ಫೈಲ್ ಹೆಸರಿನ ಕೊನೆಯಲ್ಲಿ ಎಸ್‌ಎಂಸಿ ಇದೆಯಾ ಎಸ್‌ಎಫ್‌ಸಿ ಇದೆಯಾ ಅನ್ನುವುದನ್ನು ನಂಬಬೇಡಿ, ಹೆಸರನ್ನು ಯಾರು ಬೇಕಾದರೂ ಬದಲಾಯಿಸಬಹುದು. ಗಾತ್ರ ನೋಡಿ. 1024ರಿಂದ ಭಾಗಿಸಿದಾಗ 512 ಉಳಿದರೆ ಹೆಡರ್ ಇದೆ ಅಂತ ಲೆಕ್ಕ.

ಇನ್ನೊಂದು ಮಾತು. ಒಂದು ಸಲ ಪ್ಯಾಚ್ ಬಿದ್ದ ಫೈಲ್ ಮೇಲೆ ಮತ್ತೆ ಪ್ಯಾಚ್ ಹಾಕಬೇಡಿ. ಮೂಲ ಫೈಲನ್ನು ಒಂದು ಫೋಲ್ಡರ್‌ನಲ್ಲಿ ಹಾಗೇ ಮುಟ್ಟದೆ ಇಟ್ಟುಕೊಂಡು, ಪ್ರತಿ ಸಲವೂ ಅದರ ನಕಲಿನ ಮೇಲೆ ಕೆಲಸ ಮಾಡಿ. ಬಿಪಿಎಸ್ ರೂಪದ ಪ್ಯಾಚ್ ಸಿಕ್ಕರೆ ಅದನ್ನೇ ಆರಿಸಿ, ಅದರೊಳಗೆ ಮೂಲ ಫೈಲ್‌ನ ಸಿಆರ್‌ಸಿ32 ಮೊತ್ತ (ಫೈಲ್‌ನ ಮಾಹಿತಿಯಿಂದ ಲೆಕ್ಕಹಾಕಿದ ಗುರುತಿನ ಸಂಖ್ಯೆ) ಇರುತ್ತದೆ, ಫೈಲ್ ಬೇರೆಯಾದರೆ ಮೊದಲೇ ತಕರಾರು ಮಾಡುತ್ತದೆ. ಆ ತಕರಾರನ್ನು ದಾಟಿಸಿ ಬಲವಂತವಾಗಿ ಹಾಕುವ ದಾರಿಯೂ ಕೆಲವು ಟೂಲ್‌ಗಳಲ್ಲಿದೆ. ದಯವಿಟ್ಟು ಆ ಕಡೆ ಹೋಗಬೇಡಿ.

ನನ್ನ ಮೊಬೈಲ್‌ನಲ್ಲಿ ಪಿಪಿಎಸ್‌ಎಸ್‌ಪಿಪಿ ಎಮ್ಯುಲೇಟರ್ ಇದೆ. ಜಿಟಿಎ 5 ಪಿಎಸ್‌ಪಿ ಮಾಡ್, ಬರೀ 300 ಎಂಬಿ ಅಂತ ಒಂದು ವಿಡಿಯೋದಲ್ಲಿ ಲಿಂಕ್ ಕೊಟ್ಟಿದ್ದಾರೆ. ಓಡುತ್ತಾ?
— ಪಿಯುಸಿ ವಿದ್ಯಾರ್ಥಿ, ಮದ್ದೂರು

ಅದು ಜಿಟಿಎ 5 ಅಲ್ಲ. ಜಿಟಿಎ 5 ಮೊದಲು ಬಂದಿದ್ದು 2013ರಲ್ಲಿ, ಪ್ಲೇಸ್ಟೇಷನ್ 3 ಮತ್ತು ಎಕ್ಸ್‌ಬಾಕ್ಸ್ 360ಕ್ಕೆ. ಸೋನಿಯ ಕೈಯಲ್ಲಿ ಹಿಡಿದು ಆಡುವ ಯಂತ್ರ ಪಿಎಸ್‌ಪಿಗೆ ಅದು ಬರಲೇ ಇಲ್ಲ. ಪಿಎಸ್‌ಪಿಯ ಡಿಸ್ಕ್‌ನಲ್ಲಿ ಹಿಡಿಯುವುದೇ ಹೆಚ್ಚೆಂದರೆ 1.8 ಜಿಬಿ. ಎಮ್ಯುಲೇಟರ್ ಪಿಎಸ್‌ಪಿಯನ್ನು ಅನುಕರಿಸುತ್ತದೆ, ಅಂದರೆ ಪಿಎಸ್‌ಪಿಗೆ ಅಂತ ಬರೆದ ಆಟವನ್ನು ಮಾತ್ರ ಓಡಿಸುತ್ತದೆ. ಬೇರೆ ಯಂತ್ರದ ಆಟವನ್ನು ಎಷ್ಟೇ ಅದುಮಿದರೂ ಇದರೊಳಗೆ ಕೂರಿಸಲು ಆಗಲ್ಲ.

ಹಾಗಾದರೆ ಆ 300 ಎಂಬಿಯಲ್ಲಿ ಏನಿರುತ್ತದೆ? ಒಳ್ಳೆಯದಾದರೆ 2005ರ ಲಿಬರ್ಟಿ ಸಿಟಿ ಸ್ಟೋರೀಸ್ ಅಥವಾ 2006ರ ವೈಸ್ ಸಿಟಿ ಸ್ಟೋರೀಸ್. ಪಾತ್ರದ ಬಟ್ಟೆ, ಕಾರಿನ ಬಣ್ಣ, ಮೆನುವಿನ ಚಿತ್ರ ಬದಲಾಯಿಸಿ, ಜಾಗ ಉಳಿಸಲು ರೇಡಿಯೋ ಹಾಡುಗಳನ್ನೋ ಮಧ್ಯದ ದೃಶ್ಯಗಳನ್ನೋ ಕಿತ್ತುಹಾಕಿರುತ್ತಾರೆ. ಅದಕ್ಕೇ ಯಾವುದೋ ಮಿಷನ್ ಶುರುವಾದ ತಕ್ಷಣ ಆಟ ನಿಂತುಬಿಡುವುದು. ಕೆಟ್ಟದ್ದಾದರೆ ಪಾಸ್‌ವರ್ಡ್ ಹಾಕಿದ ಜಿಪ್, ಪಾಸ್‌ವರ್ಡ್‌ಗೆ ಅಂತ ನಾಲ್ಕು ಆ್ಯಪ್ ಹಾಕಿಸಿಕೊಳ್ಳುವ ಪುಟ, ಒಳಗೆ ಆಟವೇ ಇಲ್ಲ. ಇಂಥ ಲಿಂಕ್ ಕೊಟ್ಟು ಹುಡುಗರ ಡೇಟಾ, ಸಮಯ ಎರಡನ್ನೂ ತಿನ್ನುವವರ ಮೇಲೆ ನನಗೆ ನಿಜಕ್ಕೂ ಸಿಟ್ಟಿದೆ.

ಮಾಡ್ ಆಡಲೇಬೇಕು ಅಂತಿದ್ದರೆ ಟೆಕ್ಸ್ಚರ್ ಪ್ಯಾಕ್ ಒಳ್ಳೆಯ ದಾರಿ. ಇಲ್ಲಿ ಆಟದ ಫೈಲನ್ನು ಮುಟ್ಟುವುದೇ ಇಲ್ಲ. ಮೆಮೊರಿಯಲ್ಲಿ ಪಿಎಸ್‌ಪಿ ಫೋಲ್ಡರ್ ಒಳಗೆ ಟೆಕ್ಸ್ಚರ್ಸ್ ಅನ್ನುವ ಫೋಲ್ಡರ್ ಇರುತ್ತದೆ. ಅದರೊಳಗೆ ಆಟದ ಐಡಿ, ಅಂದರೆ ಆ ಆವೃತ್ತಿಯ ಗುರುತಿನ ಕೋಡ್, ಅದರ ಹೆಸರಲ್ಲಿ ಹೊಸ ಚಿತ್ರಗಳನ್ನು ಇಟ್ಟು ಸೆಟ್ಟಿಂಗ್ಸ್‌ನ ಡೆವಲಪರ್ ಟೂಲ್ಸ್‌ನಲ್ಲಿ ಅನುಮತಿ ಕೊಟ್ಟರೆ, ಎಮ್ಯುಲೇಟರ್ ಹಳೆಯ ಚಿತ್ರದ ಬದಲು ಹೊಸದನ್ನು ತೋರಿಸುತ್ತದೆ. ಬೇಡ ಅನ್ನಿಸಿದರೆ ಫೋಲ್ಡರ್ ಅಳಿಸಿದರಾಯಿತು. ಐಡಿ ಹೊಂದಬೇಕು ಅನ್ನುವುದು ಮುಖ್ಯ: ಅಮೆರಿಕದ ಆವೃತ್ತಿಗೆ ಮಾಡಿದ ಪ್ಯಾಕ್ ಯುರೋಪಿನ ಆವೃತ್ತಿಯಲ್ಲಿ ಸುಮ್ನೆ ಕೂರುತ್ತದೆ, ಏಕೆಂದರೆ ಅದರ ಐಡಿ ಬೇರೆ. ಸೇವ್ ಕೂಡ ಐಡಿಯ ಹೆಸರಲ್ಲೇ ಇರುತ್ತದೆ. ಹಾಗಾಗಿ ಫೈಲ್ ತಿದ್ದಿದ ಮಾಡ್ ಮತ್ತು ಮೂಲ ಆಟ ಎರಡೂ ಒಂದೇ ಐಡಿಯಲ್ಲಿದ್ದರೆ ಒಂದರ ಸೇವ್ ಮೇಲೆ ಇನ್ನೊಂದು ಬರೆಯಬಹುದು. ಆಡುವ ಮುಂಚೆ ಸೇವ್‌ಡೇಟಾ ಫೋಲ್ಡರ್‌ನ ಒಂದು ನಕಲು ಮಾಡಿಟ್ಟುಕೊಳ್ಳಿ.

ಹತ್ತು ಹದಿನೈದು ವರ್ಷದ ಹಿಂದೆ ಆಡಿದ ಮಾರಿಯೋ ಹ್ಯಾಕ್ ಮತ್ತೆ ಸಿಕ್ಕಿತು. ಆಗ ಝಡ್‌ಎಸ್‌ನೆಸ್ ಎಮ್ಯುಲೇಟರ್‌ನಲ್ಲಿ ಸಲೀಸಾಗಿ ಓಡುತ್ತಿತ್ತು. ಈಗಿನ ಒಳ್ಳೆಯ ಎಮ್ಯುಲೇಟರ್‌ಗಳಲ್ಲಿ ಹಾಡು ಶುರುವಾದ ಕೂಡಲೇ ಕರ್ಕಶ ಶಬ್ದ ಬಂದು ಆಟ ಸತ್ತುಹೋಗುತ್ತದೆ. ಹೊಸದು ಹಳೆಯದಕ್ಕಿಂತ ಚೆನ್ನಾಗಿರಬೇಕು ಅಲ್ವಾ?
— ಬ್ಯಾಂಕ್ ಉದ್ಯೋಗಿ, ಕುವೆಂಪುನಗರ, ಮೈಸೂರು

ಹೊಸದು ಚೆನ್ನಾಗಿರುವುದರಿಂದಲೇ ಈ ತೊಂದರೆ. ಝಡ್‌ಎಸ್‌ನೆಸ್‌ನ ಕೊನೆಯ ಆವೃತ್ತಿ 1.51, 2007ರದ್ದು. ಆಗಿನ ಕಂಪ್ಯೂಟರ್‌ಗಳಲ್ಲಿ ಆಟ ವೇಗವಾಗಿ ಓಡಲಿ ಅಂತ ಅದು ಎಷ್ಟೋ ವಿಷಯಗಳನ್ನು ಅಂದಾಜಿನಲ್ಲಿ ಮಾಡುತ್ತಿತ್ತು. ಹ್ಯಾಕ್ ಮಾಡುವವರ ಬಳಿ ನಿಜವಾದ ಸೂಪರ್ ನಿಂಟೆಂಡೋ ಇರಲಿಲ್ಲ, ಝಡ್‌ಎಸ್‌ನೆಸ್‌ನಲ್ಲಿ ಓಡಿತು ಅಂದರೆ ಸರಿಯಾಗಿದೆ ಅಂದುಕೊಂಡರು. ಅವರನ್ನು ದೂರುವ ಹಾಗಿಲ್ಲ, ಪರೀಕ್ಷೆ ಮಾಡಲು ಇದ್ದಿದ್ದೇ ಅದು.

ನಿಮ್ಮ ಹಾಡಿನ ಕಥೆ ಹೀಗೆ. ಆ ಯಂತ್ರದಲ್ಲಿ ಶಬ್ದಕ್ಕೆ ಅಂತಲೇ ಪ್ರತ್ಯೇಕ ಪ್ರೊಸೆಸರ್ ಇದೆ, ಅದಕ್ಕೆ ಒಟ್ಟು 64 ಕೆಬಿ ಮೆಮೊರಿ. ಹಾಡಿನ ಸ್ವರಗಳು, ವಾದ್ಯಗಳ ಮಾದರಿಗಳು, ಅದನ್ನು ನುಡಿಸುವ ಪ್ರೋಗ್ರಾಂ ಎಲ್ಲವೂ ಅದರೊಳಗೇ ಇರಬೇಕು. ಪ್ರತಿಧ್ವನಿ ಬೇಕು ಅಂದರೆ ಅದಕ್ಕೂ ಅದೇ 64 ಕೆಬಿಯಲ್ಲಿ ಜಾಗ ಕೊಡಬೇಕು. ಝಡ್‌ಎಸ್‌ನೆಸ್ ಮಾತ್ರ ಪ್ರತಿಧ್ವನಿಯನ್ನು ಆ ಮೆಮೊರಿಯಲ್ಲಿ ಬರೆಯುತ್ತಲೇ ಇರಲಿಲ್ಲ, ಬೇರೆ ಕಡೆ ಇಟ್ಟುಕೊಳ್ಳುತ್ತಿತ್ತು. ಹಾಗಾಗಿ ಹ್ಯಾಕ್ ಮಾಡಿದವರು ದೊಡ್ಡ ದೊಡ್ಡ ಹಾಡು ತುಂಬಿಸಿ, ಪ್ರತಿಧ್ವನಿಯ ಜಾಗವನ್ನೂ ಹಾಡಿಗೇ ಬಳಸಿಕೊಂಡರೂ ಏನೂ ಆಗುತ್ತಿರಲಿಲ್ಲ. ನಿಜವಾದ ಯಂತ್ರದಲ್ಲಿ, ಅದನ್ನು ನಿಖರವಾಗಿ ಅನುಕರಿಸುವ ಬಿಎಸ್‌ನೆಸ್‌ನಂಥ ಎಮ್ಯುಲೇಟರ್‌ನಲ್ಲಿ, ಪ್ರತಿಧ್ವನಿ ತನ್ನ ಜಾಗಕ್ಕೆ ಬಂದು ಬರೆಯುತ್ತದೆ. ಅಲ್ಲಿದ್ದ ಹಾಡು ಅಳಿಸಿಹೋಗುತ್ತದೆ. ಆ ಕರ್ಕಶ ಶಬ್ದ ಅದೇ.

ಚಿತ್ರದಲ್ಲೂ ಇಂಥದ್ದೇ ಒಂದಿದೆ. ಟೀವಿಗೆ ಚಿತ್ರ ಬರೆಯುತ್ತಿರುವ ಹೊತ್ತಿನಲ್ಲಿ ಯಂತ್ರ ಚಿತ್ರದ ಮೆಮೊರಿಯನ್ನು ಮುಟ್ಟಲು ಬಿಡುವುದಿಲ್ಲ. ಝಡ್‌ಎಸ್‌ನೆಸ್ ಬಿಡುತ್ತಿತ್ತು. ಹಳೆಯ ಎಷ್ಟೋ ಅಭಿಮಾನಿ ಅನುವಾದಗಳಲ್ಲಿ ಅಕ್ಷರ ಕಾಣೆಯಾಗುವುದಕ್ಕೆ, ಚೂರುಚೂರಾಗಿ ಕಾಣುವುದಕ್ಕೆ ಇದೇ ಕಾರಣ.

ಪರಿಹಾರ ಅಂದರೆ, ಮೊದಲು ಆ ಹ್ಯಾಕ್‌ನ ಹೊಸ ಆವೃತ್ತಿ ಇದೆಯಾ ಹುಡುಕಿ, ಹಾಡನ್ನು ಸರಿಮಾಡಿ ಮತ್ತೆ ಬಿಟ್ಟವರು ಅನೇಕರಿದ್ದಾರೆ. ಇಲ್ಲದಿದ್ದರೆ ಸ್ನೆಸ್9ಎಕ್ಸ್ ಎಮ್ಯುಲೇಟರ್‌ನ ಹೊಸ ಆವೃತ್ತಿ ಹಾಕಿಕೊಳ್ಳಿ. ಅದರಲ್ಲಿ ಪ್ರತಿಧ್ವನಿಯನ್ನು ಬೇರೆ ಇಡುವ ಆಯ್ಕೆ, ಚಿತ್ರದ ಮೆಮೊರಿಗೆ ಬಿಡುವ ಆಯ್ಕೆ ಎರಡೂ ಹ್ಯಾಕ್ಸ್ ಅನ್ನುವ ಸೆಟ್ಟಿಂಗ್‌ನಲ್ಲಿವೆ. ಆ ಒಂದು ಆಟಕ್ಕೆ ಮಾತ್ರ ಹಾಕಿಕೊಂಡು, ಮುಗಿದ ಮೇಲೆ ತೆಗೆದುಬಿಡಿ. ಮಾರಿಯೋ 64ರ ಹಳೆಯ ಹ್ಯಾಕ್‌ಗಳಲ್ಲೂ ಇದೇ ಕಥೆ, ಅಲ್ಲಿ ಝಡ್‌ಎಸ್‌ನೆಸ್ ಬದಲು ಪ್ರಾಜೆಕ್ಟ್64 ಎಮ್ಯುಲೇಟರ್‌ನ 1.6 ಆವೃತ್ತಿಗೆ ಹೊಂದುವ ಹಾಗೆ ಮಾಡಿರುತ್ತಾರೆ.

ನಾವು ಚಿಕ್ಕವರಿದ್ದಾಗ ದಸರಾ ವಸ್ತುಪ್ರದರ್ಶನದಲ್ಲಿ ಕೊಂಡ ಕ್ಯಾಸೆಟ್ ಮೇಲೆ 9999 ಆಟ ಅಂತ ಇತ್ತು, ಆಡಿದರೆ ಅವೇ ಅವೇ ಬರುತ್ತಿದ್ದವು. ಅದೂ ಒಂದು ರೀತಿ ಹ್ಯಾಕೇ ಅಲ್ವಾ?
— ಗೃಹಿಣಿ, ಮಂಡ್ಯ

ಖಂಡಿತ. ನಮ್ಮಲ್ಲಿ ಮೀಡಿಯಾ, ಲಿಟಲ್ ಮಾಸ್ಟರ್ ಅಂತೆಲ್ಲ ಹೆಸರಲ್ಲಿ ಮಾರುತ್ತಿದ್ದ ಪೆಟ್ಟಿಗೆಗಳು ನಿಂಟೆಂಡೋದ 1983ರ ಫ್ಯಾಮಿಕಾಮ್‌ನ ನಕಲುಗಳು. ಕ್ಯಾಸೆಟ್‌ನಲ್ಲಿದ್ದಿದ್ದು ಕೆಲವೇ ಆಟ. ಮೆನುವಿನಲ್ಲಿ ಬೇರೆ ಬೇರೆ ಹೆಸರು ಕೊಟ್ಟು, ಒಂದು ಕಡೆ ಮೂರನೇ ಹಂತದಿಂದ, ಇನ್ನೊಂದು ಕಡೆ ಜಾಸ್ತಿ ಜೀವ ಕೊಟ್ಟು ಶುರುಮಾಡಿಸುತ್ತಿದ್ದರು. ಇವು ಎಮ್ಯುಲೇಟರ್‌ನಲ್ಲಿ ಸುಲಭಕ್ಕೆ ಓಡದಿರುವುದಕ್ಕೆ ಕಾರಣ ಮ್ಯಾಪರ್. ಕ್ಯಾಸೆಟ್‌ನೊಳಗೆ ಮಾಹಿತಿಯ ಯಾವ ಭಾಗವನ್ನು ಯಾವಾಗ ಮುಂದೆ ತರಬೇಕು ಅಂತ ನೋಡಿಕೊಳ್ಳುವ ಸರ್ಕ್ಯೂಟ್ ಅದು, ಈ ಕ್ಯಾಸೆಟ್‌ಗಳಿಗೆ ತಯಾರಕರು ತಮ್ಮದೇ ಆದದ್ದನ್ನು ಹಾಕುತ್ತಿದ್ದರು. ಫೈಲ್‌ನ ಮೊದಲ 16 ಬೈಟ್‌ನಲ್ಲಿ ಮ್ಯಾಪರ್ ಸಂಖ್ಯೆ ಇರುತ್ತದೆ. ಅದು ತಪ್ಪಿದ್ದರೆ ಬೂದು ಪರದೆ ಬಿಟ್ಟು ಬೇರೇನೂ ಬರಲ್ಲ.

ಹ್ಯಾಕ್‌ನ ಹೊಸ ಆವೃತ್ತಿ ಬಂತು ಅಂತ ಪ್ಯಾಚ್ ಮಾಡಿದೆ. ಹಳೆಯ ಸೇವ್ ತೆರೆದರೆ ಗೋಡೆಯೆಲ್ಲ ಚೆಲ್ಲಾಪಿಲ್ಲಿ, ಎರಡು ಹೆಜ್ಜೆಗೆ ಆಟ ನಿಲ್ಲುತ್ತದೆ.
— ಓದುಗ, ಶ್ರೀರಂಗಪಟ್ಟಣ

ನೀವು ತೆರೆದದ್ದು ಸೇವ್ ಸ್ಟೇಟ್ ಇರಬೇಕು. ಅದು ಆ ಕ್ಷಣದಲ್ಲಿ ಮೆಮೊರಿಯಲ್ಲಿದ್ದ ಎಲ್ಲದರ ನಕಲು, ಹಳೆಯ ಆವೃತ್ತಿಯ ಯಾವ ಜಾಗದಲ್ಲಿ ಪ್ರೋಗ್ರಾಂ ಓಡುತ್ತಿತ್ತು ಅನ್ನುವುದೂ ಸೇರಿ. ಹೊಸ ಆವೃತ್ತಿಯಲ್ಲಿ ಆ ಜಾಗದಲ್ಲಿ ಬೇರೆ ಏನೋ ಇದೆ. ಹಳೆಯ ಆವೃತ್ತಿಯಲ್ಲೇ ತೆರೆದು, ಆಟದೊಳಗಿನ ಸೇವ್ ಜಾಗಕ್ಕೆ ಹೋಗಿ ಸೇವ್ ಮಾಡಿ, ಆಮೇಲೆ ಹೊಸ ಫೈಲ್‌ಗೆ ಅದೇ ಹೆಸರಿಟ್ಟು ಆಟದ ಮೆನುವಿನಿಂದ ಮುಂದುವರಿಸಿ. ಸಾಮಾನ್ಯವಾಗಿ ಇಷ್ಟು ಸಾಕು.

ಮಗ ದಿನವಿಡೀ ಇಂಥ ಆಟ ಇಳಿಸಿಕೊಳ್ಳುತ್ತಾನೆ. ಇದು ಕಾನೂನಿಗೆ ವಿರುದ್ಧವಾ? ಫೋನ್‌ಗೆ ಅಪಾಯವಾ?
— ಒಬ್ಬ ತಂದೆ, ಪಾಂಡವಪುರ

ಎಮ್ಯುಲೇಟರ್ ಇಟ್ಟುಕೊಳ್ಳುವುದು ತಪ್ಪಲ್ಲ ಸರ್. ಪ್ಯಾಚ್‌ನಲ್ಲೂ ಬಹುತೇಕ ತಿದ್ದುಪಡಿ ಮಾತ್ರ ಇರುತ್ತದೆ. ತೊಡಕು ಇರುವುದು ಆಟದ ಫೈಲ್‌ನಲ್ಲಿ, ಅದಕ್ಕೆ ಹಕ್ಕುದಾರರಿದ್ದಾರೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೇ ಸೆಕ್ಷನ್, ಕಾನೂನುಬದ್ಧವಾಗಿ ಪ್ರೋಗ್ರಾಂ ಹೊಂದಿದವರು ಅದು ಹಾಳಾದರೆ ಇರಲಿ ಅಂತ ನಕಲು ಇಟ್ಟುಕೊಳ್ಳಲು ಅವಕಾಶ ಕೊಡುತ್ತದೆ. ಇಂಟರ್‌ನೆಟ್‌ನಲ್ಲಿ ಸಿಕ್ಕಿದ್ದನ್ನು ಇಳಿಸಿಕೊಳ್ಳುವುದಕ್ಕೆ ಆ ಅವಕಾಶ ಅನ್ವಯಿಸಲ್ಲ. ನಕಲಿ ಅಂತ ಗೊತ್ತಿದ್ದೂ ಪ್ರೋಗ್ರಾಂ ಬಳಸುವುದಕ್ಕೆ 63ಬಿ ಸೆಕ್ಷನ್‌ನಲ್ಲಿ ಶಿಕ್ಷೆಯೂ ಇದೆ. ಹವ್ಯಾಸಿಗಳು ಹಳೆಯ ಯಂತ್ರಗಳಿಗೆ ಅಂತಲೇ ಹೊಸದಾಗಿ ಬರೆದು ಉಚಿತವಾಗಿ ಹಂಚುವ ಆಟಗಳು ಬೇಕಾದಷ್ಟಿವೆ, ಹೋಮ್‌ಬ್ರೂ ಅಂತ ಹುಡುಕಲಿ, ಯಾವ ತಕರಾರೂ ಇಲ್ಲ.

ಫೋನ್ ವಿಷಯಕ್ಕೆ ಬಂದರೆ, ಇಳಿಸಿಕೊಂಡ ಫೈಲ್ ಹೆಸರಿನ ಕೊನೆ ನೋಡಿ. ಎಪಿಕೆ ಅಂತ ಇದ್ದರೆ ಅದು ಆಟದ ಫೈಲಲ್ಲ, ಪೂರ್ತಿ ಒಂದು ಆ್ಯಪ್. ಮೆಸೇಜ್ ಓದುವ, ಕಾಂಟ್ಯಾಕ್ಟ್ ನೋಡುವ ಅನುಮತಿ ಕೇಳಿದರೆ ಅಲ್ಲೇ ಅಳಿಸಿಬಿಡಿ. ನಿಮ್ಮ ಬ್ಯಾಂಕಿನ ಒಟಿಪಿ ಬರುವ ಫೋನ್‌ನಲ್ಲಂತೂ ಇದು ಬೇಡವೇ ಬೇಡ.

ನಾನು ಪ್ರೌಢಶಾಲೆ ಶಿಕ್ಷಕಿ. ಹಳೆಯ ಆಟವೊಂದನ್ನು ಕನ್ನಡಕ್ಕೆ ತರಬೇಕು ಅಂತ ಆಸೆ. ಸಾಧ್ಯವಾ, ಎಲ್ಲಿಂದ ಶುರುಮಾಡಲಿ?
— ಶಿಕ್ಷಕಿ, ಮಳವಳ್ಳಿ

ಈ ಪತ್ರ ಓದಿ ತುಂಬಾ ಖುಷಿಯಾಯಿತು ಮೇಡಂ. ಸಾಧ್ಯ, ಆದರೆ ಯಾವ ಯಂತ್ರದ ಆಟ ಅನ್ನುವುದರ ಮೇಲೆ ಕಷ್ಟ ನಿಂತಿದೆ.

ಹಳೆಯ 8 ಬಿಟ್ ನಿಂಟೆಂಡೋದಲ್ಲಿ ಪರದೆ ಅಂದರೆ ಎಂಟು ಚುಕ್ಕಿ ಅಗಲ, ಎಂಟು ಚುಕ್ಕಿ ಎತ್ತರದ ಟೈಲ್‌ಗಳ ಜೋಡಣೆ. ಇಂಗ್ಲಿಷ್ ಅಕ್ಷರ ಒಂದು ಟೈಲ್‌ನಲ್ಲಿ ಆರಾಮಾಗಿ ಕೂರುತ್ತದೆ. ಈಗ ಮಂಡ್ಯ ಅಂತ ಬರೆಯಲು ನೋಡಿ. ಮ ಅಕ್ಷರದ ಹೊಟ್ಟೆ, ಅದರ ಬಲದ ಸುಳಿ, ಎಂಟು ಚುಕ್ಕಿ ಅಗಲದಲ್ಲಿ ಒಂದಕ್ಕೊಂದು ಅಂಟಿಕೊಂಡು ವ ಇದ್ದ ಹಾಗೆ ಕಾಣುತ್ತದೆ. ಡ ಅಕ್ಷರಕ್ಕೆ ತಲೆಕಟ್ಟು ಬೇಕು, ಪಕ್ಕದಲ್ಲಿ ಯ ಒತ್ತು ಕೆಳಗಿಳಿಯಬೇಕು, ಅದಕ್ಕೆ ಕೆಳಗೆ ಚುಕ್ಕಿಯೇ ಉಳಿದಿಲ್ಲ. ಓದಲು ಆಗಬೇಕೆಂದರೆ ಅಕ್ಷರಕ್ಕೆ ನಾಲ್ಕು ಟೈಲ್, ಅಂದರೆ 16 ಚುಕ್ಕಿ ಅಗಲ, 16 ಎತ್ತರ ಬೇಕು. ಆದರೆ ಹಿನ್ನೆಲೆಗೆ ಒಂದು ಹೊತ್ತಿಗೆ ಸಿಗುವುದು ಸಾಮಾನ್ಯವಾಗಿ 256 ಟೈಲ್. ಎಲ್ಲವನ್ನೂ ಅಕ್ಷರಕ್ಕೇ ಕೊಟ್ಟರೂ 64 ರೂಪ. ನಮ್ಮ 34 ವ್ಯಂಜನಗಳ ಕಾಗುಣಿತಕ್ಕೇ ಸಾಲದು, ಒತ್ತಕ್ಷರ ಆಮೇಲಿನ ಮಾತು.

ಹಾಗಾಗಿ ಆ ಯಂತ್ರದಲ್ಲಿ ಇಡೀ ವರ್ಣಮಾಲೆ ಬೇಡ. ಆಟಕ್ಕೆ ಬೇಕಾದ ಪದಗಳನ್ನು ಮಾತ್ರ ಚಿತ್ರವಾಗಿ ಬರೆದು ಟೈಲ್‌ಗಳಾಗಿ ಕತ್ತರಿಸಿ, ಒಂದೇ ರೀತಿಯ ತುಂಡುಗಳನ್ನು ಒಮ್ಮೆ ಮಾತ್ರ ಇಡಿ. ಮಾತು ಕಡಿಮೆ ಇರುವ ಆಟಕ್ಕೆ ಇದು ಚೆನ್ನಾಗಿ ಒಗ್ಗುತ್ತದೆ.

ಮಾತು ಜಾಸ್ತಿ ಇರುವ ಕಥೆಯ ಆಟ ಬೇಕಾದರೆ ಗೇಮ್ ಬಾಯ್ ಅಡ್ವಾನ್ಸ್ ನೋಡಿ. ಪರದೆ 240 ಚುಕ್ಕಿ ಅಗಲ, 160 ಎತ್ತರ. ಫೈಲ್ 32 ಎಂಬಿವರೆಗೆ ಬೆಳೆಯಬಹುದು, ಎಷ್ಟೋ ಆಟಗಳು ಅದರ ಅರ್ಧವನ್ನೂ ಬಳಸಿಲ್ಲ. ಅಕ್ಷರಗಳ ಅಗಲ ಬೇರೆ ಬೇರೆ ಇರುವ ಹಾಗೆ ಬರೆಯುವ ಪ್ರೋಗ್ರಾಂ ಸೇರಿಸಬಹುದು. ಜಪಾನಿನಲ್ಲಿ 2006ರಲ್ಲಿ ಬಂದ ಮದರ್ 3 ಅನ್ನುವ ಆಟವನ್ನು ಅಭಿಮಾನಿಗಳೇ ಸೇರಿ 2008ರಲ್ಲಿ ಇಂಗ್ಲಿಷ್‌ಗೆ ತಂದಿದ್ದು ಇದೇ ಯಂತ್ರದಲ್ಲಿ. ಅಧಿಕೃತ ಇಂಗ್ಲಿಷ್ ಆವೃತ್ತಿ ಬಾರದ ಆಟವನ್ನು ಅಷ್ಟು ಜನ ಓದಿ ಆಡಿದ್ದು ಒಂದು ಪ್ಯಾಚ್‌ನಿಂದ. ಕನ್ನಡದಲ್ಲೂ ಅಂಥದ್ದು ಆಗಬೇಕು ಅನ್ನುವುದು ನನ್ನ ಬಹುದಿನದ ಆಸೆ.

ಕೆಲಸ ನಡೆಯುವುದು ಹೀಗೆ. ಆಟದಲ್ಲಿ ಯಾವ ಸಂಖ್ಯೆ ಯಾವ ಅಕ್ಷರ ಅಂತ ಒಂದು ಟೇಬಲ್ ಫೈಲ್ ಮಾಡಿಕೊಳ್ಳಬೇಕು. ಅದರ ಸಹಾಯದಿಂದ ಮಾತುಗಳನ್ನೆಲ್ಲ ಹೊರತೆಗೆದು ಅನುವಾದಿಸಬೇಕು. ಕನ್ನಡದ ಸಾಲು ಮೂಲದಷ್ಟೇ ಉದ್ದ ಇರಲ್ಲ, ಹಳೆಯ ಜಾಗದಲ್ಲಿ ಹಿಡಿಸುವುದಿಲ್ಲ. ಆಗ ಫೈಲ್‌ನ ಖಾಲಿ ಜಾಗದಲ್ಲಿ ಬರೆದು, ಮಾತು ಎಲ್ಲಿದೆ ಅಂತ ಆಟಕ್ಕೆ ಹೇಳುವ ಪಾಯಿಂಟರ್ ಬದಲಾಯಿಸಬೇಕು. ಈ ಯಂತ್ರದಲ್ಲಿ ಪಾಯಿಂಟರ್ ನಾಲ್ಕು ಬೈಟ್, ಹೆಕ್ಸ್ (ಹದಿನಾರರ) ಲೆಕ್ಕದಲ್ಲಿ, ಬೈಟ್‌ಗಳು ಹಿಂದಿನಿಂದ ಮುಂದಕ್ಕೆ ತಿರುಗುಮುರುಗು. ನೀವು ಫೈಲ್‌ನಲ್ಲಿ 800000 ಅನ್ನುವ ಜಾಗದಲ್ಲಿ ಬರೆದರೆ ಪಾಯಿಂಟರ್ 00 00 80 08 ಅಂತ ಇರುತ್ತದೆ. ಕೊನೆಯ 08 ಕ್ಯಾಸೆಟ್ ಅನ್ನುವ ಗುರುತು. ಹೆಕ್ಸ್ ಎಡಿಟರ್‌ನಲ್ಲಿ ಇಂಥ 08ಗಳು ಸಾಲಾಗಿ ಕಂಡರೆ ಪಾಯಿಂಟರ್ ಪಟ್ಟಿ ಸಿಕ್ಕಿತು ಅಂತಲೇ ತಿಳಿಯಿರಿ.

ಮೊದಲಿಗೆ ಶೀರ್ಷಿಕೆ ಪರದೆ, ಮೆನು, ಆಟ ಮುಗಿಯಿತು ಅನ್ನುವ ಸಾಲು, ಇಷ್ಟನ್ನೇ ಮಾಡಿ. ಶಾಲೆಯಲ್ಲಿ ಕಂಪ್ಯೂಟರ್ ಗೊತ್ತಿರುವ ಮಕ್ಕಳಿದ್ದರೆ ಅಕ್ಷರ ಬಿಡಿಸಲು ಸೇರಿಸಿಕೊಳ್ಳಿ, ಚೌಕುಳಿ ಹಾಳೆಯಲ್ಲಿ ಚುಕ್ಕಿ ತುಂಬುವುದನ್ನು ಅವರು ಬೇಗ ಕಲಿಯುತ್ತಾರೆ. ಒಂದು ಎಮ್ಯುಲೇಟರ್‌ನಲ್ಲಿ ಮಾತ್ರ ನೋಡಿ ನಿಲ್ಲಿಸಬೇಡಿ, ಎಂಜಿಬಿಎಯಂಥ ನಿಖರವಾದದ್ದರಲ್ಲಿ ಮೊದಲು, ಆಮೇಲೆ ಮೊಬೈಲ್‌ನಲ್ಲಿ ನೋಡಿ. ಹಂಚುವಾಗ ಆಟದ ಫೈಲ್ ಬೇಡ, ಬಿಪಿಎಸ್ ಪ್ಯಾಚ್ ಮಾತ್ರ. ಜೊತೆಗೆ ಕನ್ನಡದಲ್ಲೇ ಒಂದು ಪುಟ್ಟ ಟಿಪ್ಪಣಿ: ಯಾವ ದೇಶದ ಆವೃತ್ತಿಗೆ ಮಾಡಿದ್ದು, ಮೂಲ ಫೈಲ್‌ನ ಗಾತ್ರ ಎಷ್ಟು ಬೈಟ್, ಸಿಆರ್‌ಸಿ32 ಎಷ್ಟು, ಯಾವ ಎಮ್ಯುಲೇಟರ್‌ನ ಯಾವ ಆವೃತ್ತಿಯಲ್ಲಿ ಓಡಿಸಿ ನೋಡಿದ್ದೀರಿ. ಅಕ್ಷರಗಳ ಮೊದಲ ಚಿತ್ರ ತಯಾರಾದಾಗ ಪತ್ರಿಕೆಗೆ ಕಳಿಸಿಕೊಡಿ, ಇಲ್ಲೇ ಪ್ರಕಟಿಸಿ ಬೇರೆ ಊರಿನಲ್ಲಿ ಇದೇ ಆಸೆ ಇರುವವರನ್ನು ನಿಮ್ಮ ಜೊತೆ ಸೇರಿಸುತ್ತೇನೆ.